ಮಸೂರಿನ ಕಣಜದೊಳಗೆ ಇಳಿದದ್ದು

ಅಲ್ಲ, ಆ ಪ್ಯಾಕೆಟ್ ಬಿಸಾಡ್ಬೇಡ, ಇಲ್ಲಿ ಕೊಡು. ಹಿಂದೆ ಸಣ್ಣ ಅಕ್ಷರದಲ್ಲಿ ಎಂತ ಬರ್ದಿದೆ ಓದು ನೋಡುವ. ಕೆನಡಾ! ಹಾಂ, ಅದೇ. ನಾನು ಹೇಳಿದ್ರೆ ಇಬ್ಬರೂ ನಗಾಡಿದ್ರಿ, ಮಸೂರು ಬೇಳೆ ಇಂಡಿಯಾದಿಂದಲೇ ಬರೂದು ಅಂತ ವಾದ ಬೇರೆ. ಪೂರ್ವಿ, ಆ ಬಾಲ್ಕನಿ ಬಾಗಿಲು ಎಳ್ಕೊಂಡು ಬಾ ಮಗಾ, ಏಸಿ ಎಲ್ಲ ಹೊರಗೆ ಹೋಗ್ತದೆ, ಮತ್ತೆ ನಿಮ್ಮಮ್ಮ ನನ್ನ ಮೇಲೆ ರೇಗ್ತಾಳೆ. ತುಮಕೂರಿನವಳು ಅವಳು, ಅವಳಿಂದಾಗಿ ಈ ಮನೇಲಿ ತುಳು ಹೋಗಿ ಕನ್ನಡ ಬಂತು, ಇಲ್ಲದಿದ್ರೆ ಈ ಕಥೆ ತುಳುವಿನಲ್ಲೇ ಹೇಳ್ತಿದ್ದೆ, ಇನ್ನೂ ಚಂದ ಆಗ್ತಿತ್ತು. ಹಾಂ, ಎಲ್ಲಿದ್ದೆ? ಕೆನಡಾ. ನಿಮ್ಮಜ್ಜ ಮೊದಲು ಇಲ್ಲೇ, ದೋಹಾದಿಂದ ಆಚೆ ದುಖಾನ್‌ನಲ್ಲಿ ವೆಲ್ಡರ್ ಆಗಿದ್ದದ್ದು ಗೊತ್ತುಂಟಲ್ಲ? ಆ ಕಂಪನಿ ಒಂದು ದಿನ ಖಲಾಸ್ ಅಂತ ಬಾಗಿಲು ಹಾಕಿತು. ಊರಿಗೆ ಹೋಗಿ ಕೂತ್ರೆ ತಿನ್ಲಿಕ್ಕೆ ಎಂತ ಉಂಟು? ಆಗ ಕೆನಡಾದಲ್ಲಿ ಟ್ರ್ಯಾಕ್ಟರ್ ರಿಪೇರಿಯ ಒಂದು ಶಾಪಿಗೆ ವೆಲ್ಡರ್ ಬೇಕು ಅಂತ ಆಯ್ತು, ಇವರು ಹೋದ್ರು, ಹಿಂದಿನಿಂದ ನಾನೂ ಹೋದೆ. ನಿಮ್ಮಪ್ಪ ಆಗಲೇ ಇಲ್ಲಿ ಕೆಲಸಕ್ಕೆ ಸೇರಿ ಆಗಿತ್ತು.

ಊರು ಅಂದ್ರೆ ಎಂತ ಊರು ಮಾರಾಯ್ತಿ! ಹೆಸರು ಹೇಳಿದ್ರೆ ನಿಮ್ಮ ಫೋನಲ್ಲೂ ಸರಿಯಾಗಿ ಸಿಗ್ಲಿಕ್ಕಿಲ್ಲ. ಒಂದು ರಸ್ತೆ, ಒಂದು ಅಂಗಡಿ, ಒಂದು ಪೋಸ್ಟಾಫೀಸು, ಕಾಫಿ ಕುಡೀಲಿಕ್ಕೆ ಒಂದು ಹೋಟ್ಲು. ಸುತ್ತ ಬಯಲು, ಬಯಲು, ಮತ್ತೂ ಬಯಲು. ಕಣ್ಣಿಗೆ ಅಡ್ಡ ಸಿಗ್ಲಿಕ್ಕೆ ಒಂದು ಗುಡ್ಡ ಇಲ್ಲ. ಇಲ್ಲಿಯ ಮರಳು ನೋಡಿ ಅಭ್ಯಾಸ ಆಗಿತ್ತಲ್ಲ, ಹಾಗಾಗಿ ನಾನು ಹೆದರ್ಲಿಲ್ಲ. ಚಳಿ ಮಾತ್ರ ಅಯ್ಯೋ ದೇವರೇ, ಮೂಗಿನ ಒಳಗಿನ ನೀರು ಗಟ್ಟಿ ಆಗ್ತದೆ, ಸುಳ್ಳಲ್ಲ. ಆ ಊರು ಹುಟ್ಟಿದ್ದೇ ರೈಲಿನಿಂದ ಅಂತೆ. ರೈಲು ಹಾಕುವಾಗ ಸ್ವಲ್ಪ ಸ್ವಲ್ಪ ದೂರಕ್ಕೆ ಒಂದೊಂದು ಸ್ಟೇಷನ್, ಸ್ಟೇಷನ್ನಿಗೆ ತಾಗಿ ಮರದ ಎತ್ತರದ ಉಗ್ರಾಣ. ಕುದುರೆ ಗಾಡಿಯಲ್ಲಿ ಗೋಧಿ ತಂದು ಅಲ್ಲಿ ಸುರಿದು ಕತ್ತಲಾಗುವ ಮೊದಲು ಮನೆಗೆ ಹೋಗ್ಲಿಕ್ಕೆ ಆಗ್ಬೇಕು, ಅಷ್ಟೇ ಲೆಕ್ಕಾಚಾರ. ಆಮೇಲೆ ಲಾರಿ ಬಂತು, ದೂರದ ಪೇಟೆಯಲ್ಲಿ ಕಾಂಕ್ರೀಟಿನ ದೊಡ್ಡ ಉಗ್ರಾಣ ಬಂತು, ಇಲ್ಲಿಯ ಮರದ ಉಗ್ರಾಣ ಕೆಡವಿದ್ರು, ರೈಲು ಹಳಿಯನ್ನೂ ಕಿತ್ತುಕೊಂಡು ಹೋದ್ರು. ಶಾಲೆ ಮುಚ್ಚಿತು. ನಾವು ಹೋಗುವಾಗ ಇಷ್ಟೆಲ್ಲ ಆಗಿಹೋಗಿತ್ತು. ಉಳಿದವರು ಗೋಧಿಯಲ್ಲಿ ಗಿಟ್ಟುವುದಿಲ್ಲ ಅಂತ ಮಸೂರು ಹಾಕಿದ್ದರು. ಅದರಿಂದಲೇ ಊರು ಉಸಿರಾಡ್ತಾ ಇತ್ತು. ತಮಾಷೆ ಎಂತ ಗೊತ್ತುಂಟಾ, ಅಷ್ಟು ಮಸೂರು ಬೆಳೀತಾರಲ್ಲ, ಒಬ್ಬರೂ ತಿನ್ನೂದಿಲ್ಲ! ಎಲ್ಲ ಇಂಡಿಯಾಕ್ಕೆ, ಗಲ್ಫಿಗೆ, ಹೀಗೆ ಹಡಗು ಹತ್ತಿಸೂದು.

ನಮ್ಮ ಪಕ್ಕದ ಮನೆ ಹೆರಾಲ್ಡಿನದ್ದು. ಪಕ್ಕದ ಮನೆ ಅಂದ್ರೆ ಇಲ್ಲಿಯ ಹಾಗೆ ಗೋಡೆಗೆ ಗೋಡೆ ಅಲ್ಲ, ಕಾಣ್ತದೆ ಆದರೆ ಕೂಗಿದ್ರೆ ಕೇಳೂದಿಲ್ಲ. ಅವನೂ ಅವನ ಹೆಂಡತಿ ಐರೀನೂ ಇಬ್ಬರೇ. ದೊಡ್ಡ ಆಳು, ಕೆಂಪು ಮುಖ, ಮಾತು ಕಡಿಮೆ. ನಾವು ಹೊಸದಾಗಿ ಹೋದಾಗ ಹಿಮದಲ್ಲಿ ನಮ್ಮ ಕಾರು ಹೂತದ್ದನ್ನು ಹೇಳದೆ ಕೇಳದೆ ಬಂದು ಎಳೆದು ಹಾಕಿದವನು ಅವನು. ಹಾಗೇ ನಿಮ್ಮಜ್ಜನಿಗೂ ಅವನಿಗೂ ದೋಸ್ತಿ ಆಯ್ತು. ಅಲ್ಲಿ ಒಂದು ಕ್ರಮ ಉಂಟು. ಪ್ರತಿಯೊಬ್ಬರ ಅಂಗಳದಲ್ಲೂ ತಗಡಿನ ಗುಂಡು ಕಣಜ ಇರ್ತದೆ, ಮನೆಗಿಂತ ಎತ್ತರ. ಕೆಳಗಿನಿಂದ ಮೋಟಾರಿನ ಕೊಳವೆ ಕಾಳನ್ನು ಎಳೆದು ಲಾರಿಗೆ ಹಾಕ್ತದೆ. ಕಾಳು ಎಲ್ಲಾದರೂ ಕಟ್ಟಿಕೊಂಡ್ರೆ ಒಬ್ಬ ಮೇಲೆ ಹತ್ತಿ ಕೋಲಿನಿಂದ ತಿವೀಬೇಕು, ಇನ್ನೊಬ್ಬ ಕೆಳಗೆ ಮೋಟಾರಿನ ಸ್ವಿಚ್ಚಿನ ಹತ್ತಿರವೇ ನಿಲ್ಬೇಕು, ಮೇಲಿನವ ಜಾರಿದ್ರೆ ಕೂಡ್ಲೇ ಆರಿಸ್ಲಿಕ್ಕೆ. ಅಲ್ಲಿಂದ ಕದಲ್ಲಿಕ್ಕಿಲ್ಲ, ಮೂತ್ರಕ್ಕೂ ಹೋಗ್ಲಿಕ್ಕಿಲ್ಲ. ಹೆರಾಲ್ಡ್ ಮೇಲೆ, ನಿಮ್ಮಜ್ಜ ಕೆಳಗೆ, ಹಾಗೆ ನಡೀತಾ ಇತ್ತು.

ಮತ್ತೆ ಎಂತ ಆಯ್ತು, ಇಂಡಿಯಾದಲ್ಲಿ ಹೊರಗಿನ ಕಾಳಿಗೆ ಸುಂಕ ಹಾಕಿದ್ರು. ಅಲ್ಲಿಯ ರೈತರಿಗೂ ಬದುಕಬೇಕಲ್ಲ, ಹಾಕಿದ್ರು, ಬಿಡು. ಆದ್ರೆ ಈ ಊರಲ್ಲಿ ಮಸೂರಿನ ರೇಟು ಧಡ್ ಅಂತ ಬಿತ್ತು. ಬಿತ್ತನೆ ಮಾಡಿ ಬೆಳೆದು ಒಳಗೆ ಹಾಕಿ ಆದ ಮೇಲೆ! ಹೋಟ್ಲಲ್ಲಿ ಎಲ್ಲ ಕಾಫಿ ಮುಂದೆ ಕೂತಿದ್ದಾರೆ, ಇವರು ಒಳಗೆ ಹೋದದ್ದೇ ತಡ ಎಲ್ಲರೂ ಕಪ್ಪಿನ ಕಡೆ ಮುಖ ತಗ್ಗಿಸಿದ್ರು. ಹೆರಾಲ್ಡ್ ಹೇಳಿದ್ನಂತೆ, 'ನಿಮ್ಮ ಜನ ನಮ್ಮ ಹೊಟ್ಟೆಗೆ ಹೊಡೆದ್ರು' ಅಂತ. ಇವರು ಸುಮ್ಮನಿರ್ತಾರಾ? 'ನಾನೇನು ಮಂತ್ರಿಯಾ? ನಿನ್ನ ಟ್ರ್ಯಾಕ್ಟರಿಗೆ ವೆಲ್ಡಿಂಗ್ ಮಾಡೂವವ ನಾನು!' ಅಷ್ಟೇ. ಕಾಫಿ ಅರ್ಧಕ್ಕೆ ಬಿಟ್ಟು ಎದ್ದು ಬಂದ್ರು. ಆಮೇಲೆ ಚಳಿಗಾಲ ಇಡೀ ಮಾತಿಲ್ಲ. ಅಂಗಡಿಗೆ ಹೋದ್ರೆ ನನ್ನನ್ನು ನೋಡಿ ಜನ ಬೇರೆ ಸಾಲಿಗೆ ಹೋಗ್ತಿದ್ರು, ಅಲ್ಲಿ ಇದ್ದದ್ದೇ ಒಂದು ಸಾಲು, ಆದ್ರೂ! ಇವರಿಗೆ ಹೇಳಿದೆ, 'ನೀವೇ ಒಮ್ಮೆ ಹೋಗಿ ಮಾತಾಡಿ' ಅಂತ. 'ಅವನು ಬರ್ಲಿ' ಅಂದ್ರು. ಅಲ್ಲಿ ಐರೀನ್ ಹೇಳಿದ್ರೆ ಅವನೂ ಅದೇ ಹೇಳ್ತಿದ್ದನಂತೆ. ಗಂಡಸರ ಸೊಕ್ಕು ಎಲ್ಲ ದೇಶದಲ್ಲೂ ಒಂದೇ. ಶ್ಶ್, ನಿಮ್ಮಜ್ಜ ಒಳಗೆ ಕೂತು ಟಿವಿ ನೋಡ್ತಿದ್ದಾರೆ, ಕಿವಿ ಇಲ್ಲಿ ಇಟ್ಟಿರ್ತಾರೆ.

ರೇಟು ಏರ್ಲಿ ಅಂತ ಎಲ್ಲರೂ ಕಾಳನ್ನು ಕಣಜದಲ್ಲೇ ಇಟ್ಕೊಂಡು ಕೂತ್ರು. ಹಿಮ, ಪಸೆ, ಒಳಗೆ ಕಾಳು ಅಲ್ಲಲ್ಲಿ ಕಟ್ಟಿಕೊಂಡಿತು, ಗೋಡೆಗೆ ಹಿಡ್ಕೊಂಡಿತು. ಹಿಮ ಕರಗುವ ಹೊತ್ತಿಗೆ ಒಬ್ಬ ವ್ಯಾಪಾರಿ ಬಂದ, ನಾಳೆಯೇ ಕಾಳು ತಂದು ಕೊಟ್ರೆ ತಗೊಳ್ತೇನೆ ಅಂದ. ಬೇಗ ಬೇಗ ತೆಗೀಬೇಕು. ಹೆರಾಲ್ಡ್ ಎಂತ ಮಾಡಿದ? ನಮಗೆ ಒಂದು ಫೋನ್ ಮಾಡ್ಬಹುದಿತ್ತು. ಮಾಡ್ಲಿಲ್ಲ. ಒಬ್ಬನೇ ತನ್ನ ಲಾರಿ ತಂದು ನಿಲ್ಲಿಸಿ ಮೋಟಾರ್ ಹಾಕಿ, ಒಬ್ಬನೇ ಮೇಲೆ ಹತ್ತಿ, ಕೋಲಿಗೆ ಎಟುಕ್ಲಿಲ್ಲ ಅಂತ ಒಳಗೆ ಇಳಿದ. ಕೆಳಗಿನಿಂದ ಕೊಳವೆ ಎಳೀತಾ ಉಂಟು, ಮೇಲಿನ ಕಾಳು ಜಾರ್ತಾ ಉಂಟು, ಇವನ ಕಾಲೂ ಅದರ ಜೊತೆಗೇ ಹೋಯ್ತು.

ಐರೀನ್ ಕೋಳಿಗೆ ನೀರು ಹಾಕ್ಲಿಕ್ಕೆ ಹೊರಗೆ ಬಂದವಳು ನೋಡಿದ್ದಾಳೆ, ಲಾರಿ ತುಂಬಿ ಕಾಳು ಹೊರಗೆ ಚೆಲ್ತಾ ಉಂಟು, ನಿಲ್ಲಿಸುವವರಿಲ್ಲ. ಓಡಿ ಹೋಗಿ ಸ್ವಿಚ್ ಆರಿಸಿ ನಮಗೆ ಫೋನ್ ಮಾಡಿದ್ಲು. ಆ ಧ್ವನಿ ಈಗಲೂ ನನ್ನ ಕಿವಿಯಲ್ಲಿ ಉಂಟು. 'ಅವನು ಒಳಗಿದ್ದಾನೆ, ಅವನು ಒಳಗಿದ್ದಾನೆ' ಅಂತ ಅದೊಂದೇ ಮಾತು. ಇವರು ಚಪ್ಪಲಿಯಲ್ಲೇ ಓಡಿದ್ರು. ಆ ಕೆಸರಲ್ಲಿ, ಹಿಮದ ನೀರಲ್ಲಿ, ಚಪ್ಪಲಿಯಲ್ಲಿ! ಹಿಂದಿನಿಂದ ನಾನು. ಅಷ್ಟರಲ್ಲಿ ಊರಲ್ಲಿ ಸೈರನ್ ಕೂಗ್ಲಿಕ್ಕೆ ಶುರು ಆಯ್ತು. ಅಲ್ಲಿ ಬೆಂಕಿ ಆರಿಸುವವರು ಅಂತ ಬೇರೆ ಇಲ್ಲ, ಊರಿನವರೇ. ಪೋಸ್ಟಾಫೀಸಿನ ಲಿಂಡಾ ಅಂತ ಒಬ್ಬಳು, ಅವಳೇ ಅದಕ್ಕೆ ಯಜಮಾನಿ. ಸ್ಟಾಂಪ್ ಮಾರ್ತಾ ಇದ್ದವಳು ಹಾಗೇ ಹೆಲ್ಮೆಟ್ ಹಾಕ್ಕೊಂಡು ಬಂದ್ಲು. ಎಲ್ಲ ಪಿಕಪ್ಪುಗಳೂ ಬಂದವು, ನಮ್ಮನ್ನು ನೋಡಿದ್ರೆ ಮುಖ ತಿರುಗಿಸ್ತಿದ್ದವರೂ ಬಂದ್ರು.

ನಿಮ್ಮಜ್ಜ ಕಣಜ ಕೊಯ್ದು ಕಾಳು ಹೊರಗೆ ಬಿಡುವ ಅಂತ ಗ್ಯಾಸ್ ಕಟರ್ ತರ್ಲಿಕ್ಕೆ ಹೊರಟ್ರು. ಅಷ್ಟು ವರ್ಷ ಅದೇ ಹಿಡಿದ ಕೈ ಅಲ್ವಾ, ತಗಡು ನೋಡಿದ ಕೂಡ್ಲೇ ಅದೇ ನೆನಪಾಗ್ತದೆ. ಲಿಂಡಾ ಗುಡುಗಿದ್ಲು, 'ಬೇಡ! ಒಳಗೆ ಧೂಳು ತುಂಬಿದೆ, ಕಿಡಿ ತಾಗಿದ್ರೆ ಎಲ್ಲ ಸ್ಫೋಟ ಆಗ್ತದೆ!' ಗರಗಸದಲ್ಲಿ, ನೀರು ಬಿಡ್ತಾ ಬಿಡ್ತಾ, ಸುತ್ತಲೂ ಒಂದೇ ಎತ್ತರಕ್ಕೆ ತೂತು ಕೊಯ್ಬೇಕು. ಒಂದೇ ಕಡೆ ಕೊಯ್ದ್ರೆ ಕಾಳು ಒಂದೇ ಕಡೆ ಸುರಿದು ಕಣಜವೇ ಮಗುಚ್ತದೆ. ಸರಿ ಅಂತ ಇವರು ಅದಕ್ಕೆ ನಿಂತ್ರು. ಆದ್ರೆ ಅದಕ್ಕಿಂತ ಮೊದಲು ಒಳಗೆ ಒಬ್ಬರು ಇಳಿದು ಅವನ ಸುತ್ತ ಹಲಗೆ ಊರ್ಬೇಕು, ಪೆಟ್ಟಿಗೆಯ ಹಾಗೆ, ಕಾಳು ಮತ್ತೆ ಅವನ ಮೇಲೆ ಬೀಳದ ಹಾಗೆ. ಎಳೀಲಿಕ್ಕೆ ಆಗೂದಿಲ್ಲ ಗೊತ್ತುಂಟಾ? ಸೊಂಟದವರೆಗೆ ಹೂತವನನ್ನೇ ಹಗ್ಗ ಹಾಕಿ ಎಳೆದ್ರೆ ಬೆನ್ನು ಮುರೀತದೆ. ಇವನು ಕಂಕುಳದವರೆಗೆ ಹೋಗಿದ್ದ. ಲಿಂಡಾ ಕೇಳಿದ್ಲು, 'ಹಗುರ ಇರುವವರು ಯಾರು?' ಎಲ್ಲರೂ ಒಬ್ಬರನ್ನೊಬ್ಬರು ನೋಡಿದ್ರು. ಎಲ್ಲ ಹೆರಾಲ್ಡಿನ ಹಾಗೇ ದೊಡ್ಡ ಆಳು, ಇಳಿದ್ರೆ ಆ ಭಾರಕ್ಕೆ ಕಾಳು ಮತ್ತೆ ಜಾರಿ ಅವನ ಮೇಲೆಯೇ ಬೀಳ್ತದೆ. ಲಿಂಡಾನೂ ದಪ್ಪ. ನಾನು ಹೇಳಿದೆ, 'ನಾನು ಹೋಗ್ತೇನೆ.'

'ನಿಂಗೆ ಮಂಡೆ ಸರಿ ಉಂಟಾ?' ಅಂತ ನಿಮ್ಮಜ್ಜ ಗರಗಸ ಕೈಯಲ್ಲಿ ಹಿಡ್ಕೊಂಡೇ ಬೊಬ್ಬೆ ಹಾಕಿದ್ರು. ನಾನು ಹೇಳಿದೆ, 'ನೀವು ನಿಮ್ಮ ಕೆಲಸ ಮಾಡಿ.' ಧೈರ್ಯ ಅಂತ ಅಲ್ಲ ಮಗಾ. ಐರೀನ್ ಅಲ್ಲಿ ಕೆಸರಲ್ಲಿ ಮಂಡಿ ಊರಿ ಕೂತಿದ್ಲು, ಅವಳ ಮುಖ ನೋಡಿ ಸುಮ್ಮನೆ ನಿಲ್ಲಿಕ್ಕೆ ನಂಗೆ ಆಗ್ಲಿಲ್ಲ. ನನ್ನ ಸೊಂಟಕ್ಕೆ ಹಗ್ಗ ಕಟ್ಟಿ ಕಣಜದ ಮಾಡಿನ ಕಿಂಡಿಯಿಂದ ಇಳಿಸಿದ್ರು. ಒಳಗೆ ಕತ್ತಲೆ, ಧೂಳು, ಮೇಲಿನ ಕಿಂಡಿಯಿಂದ ಬರೂದೊಂದೇ ಬೆಳಕು. ಕಾಲು ಹೂತುಹೋಗದ ಹಾಗೆ ಕಾಳಿನ ಮೇಲೆ ಹಾಕಿದ ಒಂದು ಹಲಗೆ ಮೇಲೆ ನಾನು ನಿಂತೆ. ಪಕ್ಕದಲ್ಲಿ ಗೋಡೆಗೆ ಹಿಡಿದು ನಿಂತ ಗಟ್ಟಿ ಮಸೂರು, ನನಗಿಂತ ಎತ್ತರ, ಅದು ಕಳಚಿದ್ರೆ ಇಬ್ಬರೂ ಮುಗಿದೆವು. ಹೆರಾಲ್ಡಿನ ತಲೆ, ಭುಜ, ಒಂದು ಕೈ ಮಾತ್ರ ಕಾಣ್ತದೆ. ಮುಖ ನೀಲಿ. ಉಸಿರು ಬಿಟ್ಟಾಗೆಲ್ಲ ಕಾಳು ಎದೆಯನ್ನು ಇನ್ನೂ ಬಿಗೀತದೆ, ಮತ್ತೆ ಎಳ್ಕೊಳ್ಳಿಕ್ಕೆ ಜಾಗವೇ ಇಲ್ಲ. ನನ್ನನ್ನು ನೋಡಿ ಹೇಳಿದ್ದೆಂತ ಗೊತ್ತುಂಟಾ? 'ನೀನು ಹೊರಗೆ ಹೋಗು, ನೀನೂ ಸಾಯ್ತೀ.' ನಂಗೆ ಎಲ್ಲಿಂದ ಕೋಪ ಬಂತೋ. 'ಬಾಯಿ ಮುಚ್ಚು! ಚಳಿಗಾಲ ಇಡೀ ಮಾತಾಡದವನು ಈಗ ಎಂತ ಮಾತಾಡ್ತೀ?' ಅಂದೆ. ನನ್ನ ಇಂಗ್ಲಿಷಿನಲ್ಲಿ. ಅರ್ಧ ತುಳು ಇತ್ತು.

ಮೇಲಿನಿಂದ ಒಂದೊಂದೇ ಹಲಗೆ ಕೊಟ್ರು. ಒಂದು ಊರಿದೆ, ಎರಡು ಊರಿದೆ, ಮೂರು. ನಾಲ್ಕನೆಯದ್ದು ಹೋಗೂದೇ ಇಲ್ಲ! ಒತ್ತಿದೆ, ಗುದ್ದಿದೆ, ಕೊನೆಗೆ ಅದರ ತಲೆ ಮೇಲೆ ಹತ್ತಿ ತುಳಿದೆ, ಯಲ್ಲಾ ಯಲ್ಲಾ, ಬೇಗ ಬೇಗ ಅಂತ ಹೇಳ್ತಾ, ದೋಹಾದ ಅಭ್ಯಾಸ ಬಾಯಿಗೆ ಬಂದದ್ದು. ಹೋಯ್ತು. ಪೆಟ್ಟಿಗೆ ಆಯ್ತು. ಬಕೆಟ್ ಕೊಟ್ರು, ಒಳಗಿನ ಕಾಳು ಮೊಗೆದು ಮೊಗೆದು ಹೊರಗೆ ಹಾಕಿದೆ. ಅವನ ಕಣ್ಣು ಮುಚ್ಲಿಕ್ಕೆ ಶುರು ಆಯ್ತು. ಕಣ್ಣು ಮುಚ್ಚಿದ್ರೆ ಹೋಯ್ತಲ್ಲ! ಎಂತಾದರೂ ಮಾತಾಡಿಸ್ಬೇಕಲ್ಲ ಅಂತ ಕೇಳಿದೆ, 'ಹೆರಾಲ್ಡ್, ನೀನು ಇದನ್ನು ತಿಂದಿದ್ದೀಯಾ?' 'ಇಲ್ಲ' ಅಂದ. 'ಒಮ್ಮೆಯೂ?' 'ಇಲ್ಲ.' 'ನಾಚಿಕೆ ಆಗೂದಿಲ್ವಾ ನಿಂಗೆ?' ಮತ್ತೆ ಸಾರು ಹೇಗೆ ಮಾಡೂದು ಅಂತ ಶುರು ಮಾಡಿದೆ, ಬೇಳೆ ತೊಳೀಬೇಕು, ಅರಿಶಿನ ಹಾಕ್ಬೇಕು, ಬೆಳ್ಳುಳ್ಳಿ ಒಗ್ಗರಣೆ, ಒಂದು ಚೂರು ತುಪ್ಪ. ಕೈ ಮೊಗೀತಾ ಉಂಟು, ಬಾಯಿ ಅಡುಗೆ ಮಾಡ್ತಾ ಉಂಟು. ಅವನು 'ಆಮೇಲೆ?' ಅಂದ. ನಾನು ಹೇಳಿದೆ, 'ಆಮೇಲೆ ಅನ್ನಕ್ಕೆ ಹಾಕೂದು, ಎಂತ ಆಮೇಲೆ!'

ಹೊರಗೆ ಕೊಯ್ದದ್ದು ಬಾಯಿ ಬಿಟ್ಟಿತು. ಕಾಳು ಇಳೀಲಿಕ್ಕೆ ಶುರು. ಆದ್ರೆ ಒಂದು ಕಡೆಯಿಂದ ಜೋರು, ನಾನು ನಿಂತ ಹಲಗೆ ವಾಲಿತು. 'ನಿಲ್ಸಿ! ನಿಲ್ಸಿ!' ಅಂತ ಗಂಟಲು ಹರಿಯುವ ಹಾಗೆ ಕೂಗಿದೆ, ತುಳುವಿನಲ್ಲಿ. ಅಷ್ಟು ಜನರಲ್ಲಿ ಅದು ಅರ್ಥ ಆದದ್ದು ನಿಮ್ಮಜ್ಜನಿಗೆ ಒಬ್ಬರಿಗೇ. ಅವರು ಆ ತೂತಿಗೆ ತಗಡು ಅಡ್ಡ ಹಿಡಿದು ಬೆನ್ನು ಕೊಟ್ಟು ನಿಂತ್ರು. ಆಗಲೇ ಆ ಗಟ್ಟಿ ಮಸೂರಿನ ಗೋಡೆ ಕಳಚಿತು ನೋಡಿ. ಧಡಾರ್! ಧೂಳು, ಎಂತದೂ ಕಾಣೂದಿಲ್ಲ, ನಾನು ಪೆಟ್ಟಿಗೆ ಮೇಲೆ ಕವುಚಿ ಬಿದ್ದೆ, ನನ್ನ ಬೆನ್ನ ಮೇಲೆ ಮಸೂರು. ಸತ್ತೆ ಅಂತಲೇ ತಿಳ್ಕೊಂಡೆ. ನಿಮ್ಮಪ್ಪನನ್ನು ಒಮ್ಮೆ ನೋಡ್ಲಿಲ್ಲ ಅಂತ ಅಳು ಬಂತು. ಮತ್ತೆ ಯಾರೋ ನನ್ನ ಕೈ ಹಿಡಿದ್ರು. ಹೆರಾಲ್ಡ್. ಪೆಟ್ಟಿಗೆ ಒಡೀಲಿಲ್ಲ, ಅವನ ಇನ್ನೊಂದು ಕೈ ಹೊರಗೆ ಬಂದಿತ್ತು. ಕಾಳು ಇಳೀತು, ಎದೆ, ಸೊಂಟ, ಮಂಡಿ. ಕೊಯ್ದ ತೂತಿನಿಂದಲೇ ಇಬ್ಬರನ್ನೂ ಹೊರಗೆ ತೆಗೆದ್ರು. ಆ ಕಣಜದ ಬೆಳೆ ಇಡೀ ಕೆಸರಲ್ಲಿ ಬಿದ್ದಿತ್ತು, ಯಾರೂ ಅದನ್ನು ತಿರುಗಿ ನೋಡ್ಲಿಲ್ಲ. ಅದರ ಮೇಲೆಯೇ ನಡ್ಕೊಂಡು ಹೋಗಿ ಅವನನ್ನು ಆಂಬುಲೆನ್ಸಿಗೆ ಹಾಕಿದ್ರು. ನಿಮ್ಮಜ್ಜ ನಂಗೆ ಒಂದು ಮಾತು ಬೈಲಿಲ್ಲ, ಮನೆಗೆ ಬಂದು ಗೋಡೆ ನೋಡ್ಕೊಂಡು ಅತ್ತರು. ಹೌದು, ಅವರೇ. ಹೋಗಿ ಕೇಳ್ಬೇಡಿ, ಇಲ್ಲ ಅಂತಾರೆ.

ಆಸ್ಪತ್ರೆಯಿಂದ ಬಂದ ಮೇಲೆ ಹೆರಾಲ್ಡ್ ಕೋಲು ಊರ್ಕೊಂಡು ನಮ್ಮ ಮನೆಗೆ ಬಂದ. ಬಾಗಿಲಲ್ಲಿ ನಿಂತ, ಟೋಪಿ ಕೈಯಲ್ಲಿ. ಥ್ಯಾಂಕ್ಸ್ ಇಲ್ಲ, ಸಾರಿ ಇಲ್ಲ. ನೆಲ ನೋಡ್ತಾ ನಿಮ್ಮಜ್ಜನಿಗೆ ಹೇಳಿದ, 'ನಾಳೆ ಇನ್ನೊಂದು ಕಣಜ ಖಾಲಿ ಮಾಡ್ಲಿಕ್ಕುಂಟು. ಒಳಗೆ ಯಾರೂ ಇಳೀಲಿಕ್ಕಿಲ್ಲ. ಆದ್ರೂ ನೀನು ಸ್ವಿಚ್ಚಿನ ಹತ್ತಿರ ನಿಲ್ತೀಯಾ?' ಇವರು ಅವನ ಮುಖ ನೋಡಿದ್ರು. 'ಎಷ್ಟು ಹೊತ್ತಿಗೆ?' ಅಂತ ಕೇಳಿದ್ರು, ಅಷ್ಟೇ.

ಅಷ್ಟೇ ಮಕ್ಕಳೇ. ಕೋಪ ಬಂದ್ರೆ ಮಾತು ಬಿಡಿ, ಒಂದು ವರ್ಷ ಬೇಕಾದ್ರೂ ಬಿಡಿ, ಆದ್ರೆ ಕಷ್ಟದ ಕೆಲಸಕ್ಕೆ ಇಳಿಯುವ ಮೊದಲು ಮಾತು ಬಿಟ್ಟವನನ್ನಾದ್ರೂ ಕರೀರಿ. ಏಳಿ ಈಗ, ಕೈ ತೊಳ್ಕೊಳ್ಳಿ, ಊಟಕ್ಕಾಯ್ತು.