ಮಾತು ಕೇಳುವ ಸೂಜಿ

ಪಿಂಚರ್ ಕೋವ್‌ಗೆ ಆ ದಿನ ಹಡಗು ಬರಲಿಲ್ಲ. ನ್ಯೂಫೌಂಡ್‌ಲ್ಯಾಂಡಿನ ಆ ದಂಡೆಯಲ್ಲಿ ಅಕ್ಟೋಬರ್ ಮಳೆ ಮೇಲಿನಿಂದ ಬೀಳುವುದಿಲ್ಲ, ಕಡಲ ಕಡೆಯಿಂದ ಅಡ್ಡಡ್ಡವಾಗಿ ಬಂದು ಬಡಿಯುತ್ತದೆ. ಧಕ್ಕೆಯ ಪಕ್ಕದ ತಂಗುಕೋಣೆಯಲ್ಲಿ ನಾವು ಏಳೆಂಟು ಮಂದಿ ಒಲೆಯ ಸುತ್ತ ಕೂತಿದ್ದೆವು. ಕಾಕಂಬಿ ಹಾಕಿದ ಟೀ ಕೈಯಿಂದ ಕೈಗೆ ಹೋಗುತ್ತಿತ್ತು. ಮೂಲೆಯ ಬೆಂಚಿನಲ್ಲಿ ಡ್ರೂಸಿಲ್ಲಜ್ಜಿ ಶಾಲು ಹೊದ್ದು ಕೂತಿದ್ದಳು.

"ಅಜ್ಜಿ, ಹೊತ್ತು ಹೋಗ್ಲಿ, ಏನಾದ್ರೂ ಹೇಳಿ. ಸುಳ್ಳಾದ್ರೂ ಪರವಾಗಿಲ್ಲ" ಎಂದ ಹಡಗಿನ ಹಗ್ಗ ಕಟ್ಟುವ ವಿಲ್ಫ್.

"ಸುಳ್ಳು ಹೇಳೋಕೆ ನಿನ್ನ ಬಾಯಿ ಇದೆಯಲ್ಲಪ್ಪ, ನನ್ನದ್ಯಾಕೆ?" ಎಂದಳು ಅಜ್ಜಿ. ನಾವು ನಕ್ಕೆವು. ಅವಳು ನಗಲಿಲ್ಲ. "ನಮ್ಮಮ್ಮಂದು ಹೇಳ್ತೀನಿ. ಅವಳೇ ಸಾಯೋ ಮುಂಚೆ ಹೇಳಿದ್ದು... ಮಧ್ಯೆ ಬಾಯಿ ಹಾಕ್ಬೇಡಿ."

ಅವಳು ಹೇಳಿದ್ದು ಇದು.

ಅಜ್ಜಿಯ ತಾಯಿ ಸೆಲೀನಾ ಮದುವೆಯಾಗಿ ಈ ಊರಿಗೆ ಬಂದಾಗ ಅತ್ತೆ ಕೆಟೂರಾ ಅವಳ ಕೈಗೆ ಒಂದು ಸೂಜಿ ಕೊಟ್ಟಳು. ಬಲೆ ಹೊಲಿಯುವ ಸೂಜಿ. ತಿಮಿಂಗಿಲದ ಎಲುಬಿನದು, ಮುದಿಹಲ್ಲಿನ ಹಾಗೆ ಹಳದಿ. ಊರಿನಲ್ಲಿ ಮೊದಲ ಮನೆ ಏಳುವ ಮುಂಚಿನಿಂದಲೂ ಅದು ಇತ್ತಂತೆ, ಕೆತ್ತಿದವರು ಯಾರೋ ಏನೋ. ಅದರಿಂದ ಹೊಲಿದ ಬಲೆ ಮತ್ತೆ ಹರಿಯುತ್ತಿರಲಿಲ್ಲ. ಆದರೆ ಹೊಲಿಯುವವರು ದಂಡೆಯ ನುಣುಪು ಕಲ್ಲೊಂದನ್ನು ಬಾಯಲ್ಲಿ ಇಟ್ಟುಕೊಳ್ಳಬೇಕು. ಯಾಕೆ ಅಂತೀರಾ? ಸೂಜಿ ಮಾತು ಕೇಳುತ್ತದೆ. ಅದು ಕೈಯಲ್ಲಿರುವಾಗ ನಡೆದದ್ದನ್ನು ಬೇರೆ ಥರ ಹೇಳಿದರೆ, ನಡೆದದ್ದೇ ಹಾಗೆ ಅಂತ ಆಗಿಬಿಡುತ್ತದೆ. ಸೆಲೀನಾ ನಂಬಲಿಲ್ಲ. ಆದರೂ ಅತ್ತೆಗೆ ಎದುರು ಹೇಳದೆ ಕಲ್ಲನ್ನು ಬಾಯಿಗಿಟ್ಟುಕೊಂಡಳು.

ಮರುವರ್ಷವೇ ಗಂಡ ಲಿಯಾಂಡರ್ ಕಡಲುಪಾಲಾದ. ಬಲೆ ಎಳೆಯುತ್ತಿದ್ದಾಗ ದೊಡ್ಡ ಅಲೆ ಬಂತು, ಅವನು ದೋಣಿಯಿಂದಾಚೆ ಬಿದ್ದ, ಜೊತೆಗಿದ್ದ ಜೋಬ್ ಕೈ ಚಾಚಿ ಹಿಡಿದ, ಒದ್ದೆ ಕೈ ಜಾರಿತು. ದೋಣಿ ಬಂತು, ಹರಿದ ಬಲೆ ಬಂತು, ಲಿಯಾಂಡರ್ ಬರಲಿಲ್ಲ. ಆಗ ಸೆಲೀನಾ ಬಸುರಿ. ಹುಟ್ಟಿದ ಹೆಣ್ಣುಮಗುವಿಗೆ ಡ್ರೂಸಿಲ್ಲಾ ಎಂದು ಹೆಸರಿಟ್ಟರು.

ಮಗು ಓಡಾಡಿ ಹಾಡುವಷ್ಟು ದೊಡ್ಡದಾದ ಮೇಲೆ, ಒಂದು ಮಳೆಯ ಮಧ್ಯಾಹ್ನ, ಅತ್ತೆ ಸೊಸೆ ಅಟ್ಟದ ಮೇಲೆ ಆ ಹಳೇ ಬಲೆಯನ್ನು ಬಿಚ್ಚಿದರು. ಜೋಬ್‌ನ ಮಕ್ಕಳಿಗೆ ಬಲೆ ಬೇಕಾಗಿತ್ತು. ಒಂದು ತುದಿ ಕೆಟೂರಾ ಹಿಡಿದಳು, ಇನ್ನೊಂದು ತುದಿಯಲ್ಲಿ ಸೆಲೀನಾ ಸೂಜಿಗೆ ಹುರಿ ಸುತ್ತಿ ಕೂತಳು. ಕೆಳಗೆ ಅಡುಗೆಮನೆಯಲ್ಲಿ ಮಗು ಚಿಪ್ಪು ಜೋಡಿಸುತ್ತ ಹಾಡಿಕೊಳ್ಳುತ್ತಿತ್ತು. ಬಲೆಯ ನಡುವೆ ಒಬ್ಬ ಆಳು ತೂರುವಷ್ಟು ದೊಡ್ಡ ಕಂಡಿ. ಸೆಲೀನಾ ಅದರೊಳಗೆ ಕೈ ತೂರಿಸಿ ನೋಡಿದಳು. ಅವಳು ಕಲ್ಲನ್ನು ಉಗುಳಿದಳು.

"ಜೋಬ್ ಕೈ ಚಾಚಿದ. ಹಿಡಿದ. ಕೈ ಜಾರ್ಲಿಲ್ಲ, ಅವ್ರನ್ನ ದೋಣಿಗೆ ಎಳ್ಕೊಂಡ. ಸಂಜೆ ಮನೆಗೆ ಬಂದ್ರು. ಅವತ್ತಿಂದ ಇವತ್ತಿನವರೆಗೂ ಈ ಮನೇಲಿ ನಾವಿಬ್ರೂ, ಅತ್ತೆ... ಸುಖವಾಗಿದೀವಿ."

ಕೆಟೂರಾ ಕೂಗುವಷ್ಟರಲ್ಲಿ ಮಾತು ಮುಗಿದಿತ್ತು. ಕೆಳಗಿನ ಹಾಡು ನಿಂತಿತು. ಧಕ್ಕೆಯ ಹಲಗೆಗಳ ಮೇಲೆ ಬೂಟಿನ ಸದ್ದು ಬಂತು; ಆ ನಡಿಗೆ ಇಬ್ಬರಿಗೂ ಗೊತ್ತು. ಬಾಗಿಲು ತೆರೆಯಿತು.

"ಸೆಲೀನಾ, ಟೀ ಇದೆಯೇನೇ?"

ಅವಳು ಏಣಿ ಇಳಿದಳೋ ಬಿದ್ದಳೋ. ಲಿಯಾಂಡರ್ ಕುರ್ಚಿಯಲ್ಲಿ ಕೂತು ಬೂಟು ಕಳಚುತ್ತಿದ್ದ; ಕಿವಿಯ ಹತ್ತಿರ ಒಂದೆರಡು ನರೆಗೂದಲು, ಅವಳು ಎಂದೂ ನೋಡದ್ದು. ಅವಳು ಅವನ ತಲೆಯನ್ನು ಎದೆಗೊತ್ತಿಕೊಂಡಳು. ಬೆಚ್ಚಗಿತ್ತು. ಆಮೇಲೆ ನೆಲದ ಕಡೆ ನೋಡಿದಳು. ಚಿಪ್ಪುಗಳಿರಲಿಲ್ಲ. ಮಗುವಿನ ಸಣ್ಣ ಬೂಟು, ತೊಟ್ಟಿಲು, ಏನೂ ಇರಲಿಲ್ಲ.

ಇಲ್ಲಿ ಅಜ್ಜಿ ಕತೆ ನಿಲ್ಲಿಸಿ ನಮ್ಮೆಲ್ಲರ ಮುಖ ನೋಡಿದಳು. "ಆ ಹೊತ್ತಲ್ಲಿ ನಾನು ಇರ್ಲಿಲ್ಲ. ನಿದ್ದೆ ಹೋಗಿದ್ದೆ ಅಂತಲ್ಲ, ಬೇರೆಲ್ಲೋ ಇದ್ದೆ ಅಂತಲ್ಲ... ಇರ್ಲೇ ಇಲ್ಲ. ಹೇಗಿತ್ತು ಅಂತ ಕೇಳ್ಬೇಡಿ. ಕೇಳಿದ್ರೆ ಹೇಳೋಕೆ ಯಾರಿದ್ರು ಅಲ್ಲಿ?"

ಸೆಲೀನಾ ಮತ್ತೆ ಅಟ್ಟ ಹತ್ತಿದಳು. ಬಲೆ ಹಿಡಿದಿದ್ದಕ್ಕೋ ಏನೋ, ಕೆಟೂರಾಗೆ ಎಲ್ಲ ನೆನಪಿತ್ತು.

"ನಾವಿಬ್ರು ಅಂದ್ಯಲ್ಲೇ ಹುಡುಗಿ. ಮಗೂನ ಹೇಳ್ಲಿಲ್ಲ ನೀನು."

"ಈಗ ಹೇಳ್ತೀನಿ ಅತ್ತೆ. ಇಬ್ರನ್ನೂ ಹೇಳ್ತೀನಿ."

ಕೆಟೂರಾ ಅವಳನ್ನು ಕಿಟಕಿಯತ್ತ ತಿರುಗಿಸಿದಳು. ಎದುರುದಂಡೆಯಲ್ಲಿ ಜೋಬ್‌ನ ಮನೆ ಇದ್ದ ಜಾಗದಲ್ಲಿ ಕಲ್ಲಿನ ಮೆಟ್ಟಿಲು ಮಾತ್ರ ಮಳೆಯಲ್ಲಿ ನೆನೆಯುತ್ತಿತ್ತು. "ಜೋಬ್‌ನ ಹೆಂಡ್ತಿ ಮಕ್ಕಳನ್ನೂ ನೀನು ಹೇಳ್ಲಿಲ್ಲ. ಹೊಸದಾಗಿ ಹೇಳೋಕೆ ಹೊರಟ್ರೆ ಯಾರ್‍ಯಾರನ್ನ ನೆನಪಿಟ್ಕೊಂಡು ಹೇಳ್ತೀಯ? ಯಾರನ್ನ ಬಿಡ್ತೀಯ? ನಡೆದದ್ದನ್ನ ನಡೆದ ಹಾಗೇ ಹೇಳು. ಅದ್ರಲ್ಲಿ ಎಲ್ರೂ ಇದಾರೆ."

"ಅವ್ರೊಬ್ರನ್ನ ಬಿಟ್ಟು" ಎಂದಳು ಸೆಲೀನಾ.

ಮುದುಕಿ ಏಣಿಯ ಕಡೆಯಿಂದ ಕೆಳಗೆ ನೋಡಿದಳು. ಅವಳು ಹೆತ್ತ ಮಗನಲ್ಲವೇ ಕೆಳಗೆ ಕೂತಿದ್ದವನು?

ಸೆಲೀನಾ ಇಳಿದು ಬಂದು ಟೀ ಮಾಡಿಕೊಟ್ಟಳು. ಒಣರೊಟ್ಟಿ, ಉಪ್ಪುಮೀನು ಬಡಿಸಿದಳು. ಅವನು ತಿನ್ನುವುದನ್ನೇ ನೋಡುತ್ತ ನಿಂತಳು.

"ಏನೇ, ದೆವ್ವ ನೋಡ್ದ ಹಾಗೆ ನೋಡ್ತೀಯ?"

"ನಮಗೊಂದು ಮಗು ಇದ್ದಿದ್ರೆ..." ಎಂದಳು.

ಅವನು ಕೈಯಲ್ಲಿದ್ದ ರೊಟ್ಟಿಯನ್ನು ಕೆಳಗಿಟ್ಟ. "ಇದ್ದಿದ್ರೆ ನನ್ನ ಪ್ರಾಣಾನೇ ಕೊಡ್ತಿದ್ದೆ ಅದಕ್ಕೆ" ಎಂದು ಬಟ್ಟಲು ಎತ್ತಿದ.

ಅವಳು ಅಟ್ಟ ಹತ್ತಿ ಸೂಜಿ ಹಿಡಿದಳು. ಕೆಳಗೆ ಬಟ್ಟಲು ಮೇಜಿಗೆ ತಾಗುವ ಸದ್ದು, ಅವನು ಕೆಮ್ಮುವ ಸದ್ದು ಕೇಳುತ್ತಲೇ ಇತ್ತು.

"ಅಲೆ ಬಂತು" ಎಂದಳು. "ಅವ್ರು ಬಿದ್ರು. ನನ್ನ ಹೊಟ್ಟೇಲಿ ಮಗಳಿದ್ಳು. ಜೋಬ್ ಕೈ ಚಾಚಿ ಹಿಡಿದ. ಕೈ ಒದ್ದೆಯಾಗಿತ್ತು... ಕೈ..."

ಕೆಳಗಿನಿಂದ ಮಗುವಿನ ಹಾಡು ಕೇಳಿಸಿತು.

ಸೆಲೀನಾಳ ಕೈಯಿಂದ ಸೂಜಿ ಬಿತ್ತು. ಉಳಿದದ್ದು 'ಜಾರಿತು' ಎಂಬ ಒಂದೇ ಮಾತು. ಅದನ್ನು ಅವಳು ಹೇಳಲಿಲ್ಲ, ಹೇಳು ಎನ್ನುವಷ್ಟು ಗಟ್ಟಿ ಎದೆ ಕೆಟೂರಾಗೂ ಇರಲಿಲ್ಲ. ಇಬ್ಬರೂ ಇಳಿದು ಬಂದರು. ಮಗು ಚಿಪ್ಪು ಜೋಡಿಸುತ್ತಿತ್ತು. ಎದುರುದಂಡೆಯಲ್ಲಿ ಜೋಬ್‌ನ ಮನೆಯ ಹೊಗೆ ಏಳುತ್ತಿತ್ತು. ಕುರ್ಚಿಯಲ್ಲಿ ಯಾರೂ ಇರಲಿಲ್ಲ. ಅದರ ಕೆಳಗೆ ಉಪ್ಪುನೀರು ತೊಟ್ಟಿಕ್ಕುತ್ತಿತ್ತು.

ಅಜ್ಜಿ ಕತೆ ಮುಗಿಸಿ ಒಲೆಯತ್ತ ಕೈ ಚಾಚಿದಳು.

"ಸೂಜಿ ಈಗೆಲ್ಲಿದೆ ಅಜ್ಜಿ?" ಎಂದ ವಿಲ್ಫ್, ಮೆಲ್ಲಗೆ.

"ನನ್ನ ಹತ್ರಾನೇ. ಉಳಿದ ಮಾತು ನೀನು ಮುಗಿಸು ಅಂತ ಅಮ್ಮ ಕೊಟ್ಟು ಹೋದ್ಳು. ಎಷ್ಟೋ ಸಲ ಕೈಗೆ ತಗೊಂಡೆ... ಅಪ್ಪನ್ನ ಹೇಗಪ್ಪಾ ಮುಗಿಸೋದು? ಮಳೆ ಹೀಗೆ ಅಡ್ಡಕ್ಕೆ ಹೊಡೆದಾಗ ಅವನು ಧಕ್ಕೆಯಿಂದ ಮೇಲಕ್ಕೆ ನಡ್ಕೊಂಡು ಬರ್ತಾನೆ. ಅಮ್ಮ ಇರೋ ತನಕ ಬಾಗಿಲ ಹೊರಗೇ ನಿಲ್ತಿದ್ದ. ಈಗ ಒಳಗೆ ಬರ್ತಾನೆ. ಕೂತ್ಕೋತಾನೆ. ನನ್ನನ್ನ ನೋಡಿ, ಪಾಪ, ಮರ್ಯಾದೆಯಿಂದಲೇ ಕೇಳ್ತಾನೆ... 'ಯಾರಮ್ಮ ನೀನು?' ಅಂತ."

ಅವಳು ಶಾಲನ್ನು ಎಳೆದುಕೊಂಡಳು.

"ಹೇಳ್ತೀನಿ. ಆದ್ರೆ ಅವನು ಕೇಳಿದಾಗಲೆಲ್ಲ, ನನ್ನ ಹೆಸರು ನನಗೆ ನೆನಪಾಗೋದು ಹೋದ ಸಲಕ್ಕಿಂತ ಸ್ವಲ್ಪ ತಡ ಆಗ್ತಾ ಇದೆ."