ಲ್ಯಾಪ್‌ಟಾಪ್ ಕ್ಯಾಮರಾದ ದೀಪ ಉರಿಯುತ್ತಿದ್ದ ಬಗ್ಗೆ

ನಿರೀಕ್ಷಾ, ಗಂಡ ಕೌಶಲ್, ಪ್ರಾಯ 31 ವರ್ಷ, ಮನೆಯಲ್ಲಿ ಹೊಲಿಗೆ ಕೆಲಸ, ವಾಸ ಜೆಪ್ಪು, ಮಂಗಳೂರು ಆದ ನಾನು ಠಾಣೆಗೆ ಹಾಜರಾಗಿ ಈ ಮೂಲಕ ತಿಳಿಸುವುದೇನೆಂದರೆ,

ನನ್ನ ಗಂಡ ಮಸ್ಕತ್‌ನಲ್ಲಿ ಕೆಲಸಕ್ಕಿದ್ದು, ಒಂದೇ ರೂಮಿನಲ್ಲಿ ಇನ್ನೂ ನಾಲ್ವರೊಂದಿಗೆ ವಾಸವಿರುತ್ತಾರೆ. ರಾತ್ರಿ ಪಾಳಿಯ ಕಾರಣ, ಮಧ್ಯಾಹ್ನ ಶಾಲೆಯಿಂದ ಬಂದ ಮಗಳು ಅನುಷ್ಕಾಳನ್ನು (5 ವರ್ಷ) ಲ್ಯಾಪ್‌ಟಾಪ್‌ನಲ್ಲಿ ನೋಡುವುದು ಅವರ ರೂಢಿ. ನಾವು ಎತ್ತದಿದ್ದರೂ ಕರೆ ತಾನಾಗಿ ತೆರೆಯುವಂತೆ ಅವರೇ ಮಾಡಿಟ್ಟಿದ್ದರು. ಜೊತೆಯವರು ನಿದ್ದೆಯಲ್ಲಿರುವುದರಿಂದ ಅಲ್ಲಿ ಕತ್ತಲೆ. ಹಾಗಾಗಿ ನನ್ನ ಗಂಡ ಮಾತಾಡುತ್ತಿರಲಿಲ್ಲ, ಮುಖವೂ ಕಾಣುತ್ತಿರಲಿಲ್ಲ. ಕ್ಯಾಮರಾದ ದೀಪ ಹೊತ್ತಿತೆಂದರೆ ಪಪ್ಪ ಬಂದರೆಂದು ಮಗಳು ಎದುರು ಕುಳಿತು ದಿನದ ಸುದ್ದಿಯೆಲ್ಲ ಒಪ್ಪಿಸುತ್ತಿದ್ದಳು.

ದಿನಾಂಕ 9.6.2025ರಂದು ಲ್ಯಾಪ್‌ಟಾಪ್ ರಿಪೇರಿ ಮಾಡಿಸಿ ತಂದ ಮೇಲೆ, ವಿಂಡೋಸ್ ಆಕ್ಟಿವೇಟ್ ಮಾಡಿ ಎಂಬ ಬರಹ ಪರದೆಯ ಮೂಲೆಯಲ್ಲಿ ನಿಂತುಬಿಟ್ಟಿತು. ಅದನ್ನು ಪುಕ್ಕಟೆ ತೆಗೆಯುವ ಟೂಲ್ ಒಂದರ ಲಿಂಕನ್ನು ಕೌಶಲ್ ಕಳುಹಿಸಿದರು. ಮೊದಲು ಆಂಟಿವೈರಸ್ ಆಫ್ ಮಾಡಬೇಕೆಂದು ಅದರಲ್ಲಿ ಬರೆದಿತ್ತು. ನಾನು ಹೆದರಿ ಫೋನ್ ಮಾಡಿದ್ದಕ್ಕೆ, ಎಂತ ಆಗುದಿಲ್ಲ ಮಾರಾಯ್ತಿ, ನಮ್ಮ ರೂಮಲ್ಲಿ ಎಲ್ಲರದ್ದೂ ಅದೇ ಉಂಟು, ನೀನು ಸುಮ್ಮನೆ ಆಫ್ ಮಾಡು ಎಂದರು. ಮಾಡಿದೆನು. ಬರಹ ಹೋಯಿತು.

ದಿನಾಂಕ 24.6.2025ರ ಮಧ್ಯಾಹ್ನ ಸುಮಾರು 2.30ಕ್ಕೆ ದೀಪ ಹೊತ್ತಿದ್ದು, ಮಗಳು ಹೊಸ ಬಳೆ ತೋರಿಸುತ್ತಿದ್ದಾಗಲೇ ನನ್ನ ಮೊಬೈಲಿಗೆ ಕೌಶಲ್ ಫೋನ್ ಮಾಡಿದರು. ನೋಡ್ತಾ ಇದ್ದೀರಲ್ಲ, ಮತ್ತೆ ಫೋನ್ ಎಂತಕ್ಕೆ ಎಂದು ತಮಾಷೆ ಮಾಡಿದೆನು. ತಾನು ಕೆಲಸದ ಜಾಗದಲ್ಲಿ ಊಟಕ್ಕೆ ಕುಳಿತಿರುವುದಾಗಿಯೂ, ಪಾಳಿ ಬದಲಾದ್ದರಿಂದ ಒಂದು ವಾರದಿಂದ ಲ್ಯಾಪ್‌ಟಾಪ್‌ಗೆ ಕರೆಯನ್ನೇ ಮಾಡಿಲ್ಲವೆಂದೂ ಅವರು ತಿಳಿಸಿದರು. ಆ ವಾರವೆಲ್ಲ ದಿನಾ ಹೊತ್ತಿದ್ದ ದೀಪ ಆಗಲೂ ಉರಿಯುತ್ತಿತ್ತು. ಮಗಳನ್ನು ಎಳೆದುಕೊಂಡು ಲ್ಯಾಪ್‌ಟಾಪ್ ಮುಚ್ಚಿದೆನು.

ಮರುದಿನ ಬೆಳಿಗ್ಗೆ ಅಪರಿಚಿತ ನಂಬರಿನಿಂದ, ಮಗಳು ಬಳೆ ತೋರಿಸುತ್ತಿರುವ ಫೋಟೋ ನನ್ನ ಮೊಬೈಲಿಗೆ ಬಂತು. ಮುಚ್ಚಿದ್ದು ಯಾಕೆ, ತೆರೆದಿಡು ಎಂದು ಕೆಳಗೆ ಹಿಂದಿಯಲ್ಲಿತ್ತು.

ಪೊಲೀಸಿಗೆ ಹೋದರೆ ಊರಿಗೆಲ್ಲ ಗೊತ್ತಾಗ್ತದೆ, ಮರ್ಯಾದೆ ಹೋಗ್ತದೆ ಎಂದು ಕೌಶಲ್ ತಡೆದರು. ಆ ಮರ್ಯಾದೆಯನ್ನು ಅವರೇ ಇಟ್ಟುಕೊಳ್ಳಲಿ ಎಂದು ನಾನು ಬಂದಿರುತ್ತೇನೆ. ಆ ವ್ಯಕ್ತಿಗೆ ಏನೇನು ಗೊತ್ತು ಎಂದು ಇಲ್ಲಿ ಕೇಳಿದ್ದೀರಿ. ಮಗಳು ಪಪ್ಪನಿಗೆ ಹೇಳಿದ್ದೆಲ್ಲ ಗೊತ್ತು: ಶಾಲೆಯ ಹೆಸರು, ವ್ಯಾನ್ ನಿಲ್ಲುವ ಜಾಗ, ನಾನು ಪೇಟೆಗೆ ಹೋಗುವ ದಿನ, ಬೀಗದ ಕೀ ಇಡುವ ಸ್ಥಳ. ಎರಡು ದಿನದಿಂದ ಅವಳನ್ನು ಶಾಲೆಗೆ ಕಳುಹಿಸಿಲ್ಲ. ಆ ವ್ಯಕ್ತಿಯನ್ನು ಪತ್ತೆ ಹಚ್ಚಬೇಕಾಗಿ ಕೋರಿ, ಲ್ಯಾಪ್‌ಟಾಪನ್ನು ಹಾಜರುಪಡಿಸಿರುತ್ತೇನೆ.

ನಿನ್ನೆ ಸಂಜೆ ಕೌಶಲ್ ನನ್ನ ಮೊಬೈಲಿಗೆ ವಿಡಿಯೋ ಕರೆ ಮಾಡಿ ಮಗಳನ್ನು ಕರೆದರು. ಅವಳು ನನ್ನ ಬೆನ್ನ ಹಿಂದೆ ಅಡಗಿ, ಇದು ನಿಜವಾದ ಪಪ್ಪನಾ ಎಂದು ಕೇಳಿದಳು. ಹೌದೆಂದರೂ ಹೊರಗೆ ಬರಲಿಲ್ಲ.

ಇಷ್ಟನ್ನೂ ನಾನೇ ಹೇಳಿ ಬರೆಯಿಸಿದ್ದು, ಓದಿಸಿ ಕೇಳಿದ್ದೇನೆ. ಸತ್ಯವಲ್ಲದ ಮಾತು ಇದರಲ್ಲಿ ಒಂದೂ ಇರುವುದಿಲ್ಲ.

ಸ್ಥಳ: ಮಂಗಳೂರು
ದಿನಾಂಕ: 27.6.2025
(ಸಹಿ) ನಿರೀಕ್ಷಾ