ಕನ್ನಡಿ ತೋರಿಸದ ಕಣ್ಣು

ಇದು ಶಿವಾರಪಟ್ಟಣದ ಕದಿರೇಶನಿಗೆ ಆದದ್ದು. ವಿಗ್ರಹ ಕೆತ್ತೋ ಆಸಾಮಿ. ಹೆಂಡತಿ ಅಕ್ಕಯಮ್ಮ ಸತ್ತು ಇನ್ನೂ ವರ್ಷ ತುಂಬಿರಲಿಲ್ಲ. ನರಸಾಪುರದ ಕಡೆ ಫ್ಯಾಕ್ಟರಿ ದೀಪಗಳು ಬಂದಿರಲಿಲ್ಲ ಆಗ. ಕತ್ತಲೆ ಅಂದರೆ ಕತ್ತಲೆ.

ಕೋಲಾರದಿಂದ ಕೊನೇ ಬಸ್ಸಲ್ಲಿ ಬಂದು ಊರ ಗೇಟ್ ಸ್ಟಾಪಲ್ಲಿ ಇಳಿದ. ಜೊತೆಗೆ ಬಾಮೈದ ಪೆದ್ದಪ್ಪ. ಹಾಳು ಬಾವಿ ಪಕ್ಕದ ದಾರಿ ಹಿಡಿದರು. ಕೆತ್ತುವಾಗ ಮುರಿದ ವಿಗ್ರಹಗಳನ್ನ ಊರವರು ಆ ಬಾವಿಗೇ ಹಾಕೋದು.

ಕದಿರೇಶನ ಜೇಬಲ್ಲಿ ಅಕ್ಕಯಮ್ಮನ ವಿಡಿಯೋ ಗೇಮು. ಅಂಗೈಯಷ್ಟು ಅಗಲ, ಮಧ್ಯೆ ಗಾಜು, ಎರಡೂ ಕಡೆ ಬಟನ್ನು. ಕಾಯಿಲೆ ಬಿದ್ದು ಮಲಗಿದ್ದಾಗ ಅದರಲ್ಲಿ ಒಂದು ಹಳೇ ದೆವ್ವದ ಆಟ ಆಡೋಳು. ಸುತ್ತಿಗೆ ಹಿಡಿದ ಹೆಣ್ಣು ದೆವ್ವ. ಕಣ್ಣಿಲ್ಲ. ಸದ್ದಾದ ಕಡೆ ಬರ್ತದೆ. "ಲೇ ಕುರುಡಿ, ಹಿಡಿಯೇ ನೋಡೋಣ," ಅಂತ ಅಕ್ಕಯಮ್ಮ ನಗೋಳು. ಅವಳು ಆಡಿ ನಿಲ್ಲಿಸಿದ ಜಾಗ ಇನ್ನೂ ಅದರಲ್ಲಿತ್ತು. ಅವಳದು ಅಂತ ಉಳಿದಿದ್ದು ಅಷ್ಟೇ.

ಆಟ ಪದೇ ಪದೇ ನಿಂತುಹೋಗ್ತಿತ್ತು. ಅದಕ್ಕೇ ಅವತ್ತು ಕೋಲಾರದಲ್ಲಿ ಜಾನ್ ಪಾಷಾ ರಿಪೇರಿ ಅಂಗಡೀಲಿ ಆಟದ ಹೊಸ ವರ್ಷನ್ ಹಾಕಿಸಿದ್ದ.

"ಮೊದಲ್ನೇ ಸಲ ಓಪನ್ ಆಗೋವಾಗ ಆಫ್ ಮಾಡ್ಬೇಡಿ ಅಣ್ಣ, ಅಕ್ಕಂದೆಲ್ಲ ಅಳಿಸೋಗ್ತದೆ," ಅಂದಿದ್ದ ಪಾಷಾ. "ಇದ್ರಲ್ಲಿ ದೆವ್ವಕ್ಕೆ ಕಣ್ಣೂ ಬಿಡಿಸವ್ರೆ!"

"ಕನ್ನಡಿ ತೋರ್ಸಿದಾರಾ?"

"ದೆವ್ವಕ್ಯಾಕಣ್ಣ ಮೇಕಪ್ಪು?"

ಪಾಷಾಗೆ ಗೊತ್ತಿಲ್ಲ. ವಿಗ್ರಹಕ್ಕೆ ಕಣ್ಣು ಬಿಡಿಸುವಾಗ ಎದುರಿಗೆ ಕನ್ನಡಿ ಇಡ್ತಾರೆ. ಮೊದಲ ನೋಟ ಕನ್ನಡಿ ಮೇಲೆ ಬೀಳಬೇಕು. ಮನುಷ್ಯನ ಮೇಲೆ ಬಿದ್ದರೆ... ಅವನು ಉಳಿಯಲ್ಲ.

ಪೆದ್ದಪ್ಪ ಬಾವಿ ಕಟ್ಟೆ ಮೇಲೆ ಕೂತ.

"ಬಾವ, ಕೊಡಿಲ್ಲಿ. ಒಂದ್ಸಲ."

"ಮನೇಲಿ ನೋಡನ ಕಣೋ."

"ನಮ್ಮಕ್ಕಂದೇ ತಾನೆ?"

ಕೊಟ್ಟುಬಿಟ್ಟ.

ಕಿರ್ರ್... ಪೆದ್ದಪ್ಪನ ಮುಖಕ್ಕೆ ಬೆಳಕು ಬಿತ್ತು. ಗಾಜಿನೊಳಗೆ ಸುತ್ತಿಗೆಯವಳು ತಲೆ ಎತ್ತಿದಳು. ಕಣ್ಣು ಬಿಟ್ಟಳು. ನೇರ ಅವನ ಮೇಲೆ.

ಬಾವಿಯೊಳಗೆ ಟಣ್... ಅಂತು.

"ಬಾವ... ಯಾರೋ ಕಲ್ಲು ಹೊಡೀತವ್ರೆ."

"ಉಸಿರು ಬಿಡ್ಬೇಡ."

ಟಣ್... ಟಣ್... ಸದ್ದು ಮೇಲಕ್ಕೆ ಬಂತು. ಕಟ್ಟೆ ಹತ್ತಿತು. ಕಣ್ಣಿಗೆ ಏನೂ ಕಾಣಲ್ಲ. ಆಮೇಲೆ ಸದ್ದು ಬದಲಾಯ್ತು. ಪಚಕ್.

ಪೆದ್ದಪ್ಪನ ಎಡಗೈ ಕಲ್ಲಿನ ಮೇಲೆ ಚಪ್ಪಟೆಯಾಗಿತ್ತು. ಕಿರುಚೋಕೆ ಬಾಯಿ ತೆಗೆದ. ದವಡೆಗೆ ಬಿತ್ತು. ಹಲ್ಲುಗಳು ಕದಿರೇಶನ ಎದೆಗೆ ಸಿಡಿದವು. ಇನ್ನೊಂದು ಹೆಗಲಿಗೆ... ಲಟಕ್. ಕೆಳಗೆ ಬಿದ್ದವನ ತಲೆ ಪಕ್ಕದಲ್ಲಿ ಮಣ್ಣು ತಗ್ಗಾಯ್ತು, ಯಾರೋ ಮಂಡಿಯೂರಿದ ಹಾಗೆ.

ಗೇಮು ನೆಲದ ಮೇಲೆ ಉರೀತಿತ್ತು. ಆಟ ಇನ್ನೂ ಅರ್ಧ ತೆರೆದಿತ್ತು. ಮೂಲೆಯಲ್ಲಿ ಅಕ್ಕಯಮ್ಮನ ಹೆಸರು. ಕದಿರೇಶ ಕೈಗೆತ್ತಿಕೊಂಡ. ಬೆರಳು ಆಫ್ ಬಟನ್ ಮೇಲೆ ಹೋಯಿತು. ಒತ್ತಲಿಲ್ಲ.

ಮತ್ತೊಂದು ಏಟು. ಪಕ್ಕೆಲುಬು ಮುರಿದ ಸದ್ದು, ಒಣ ಸೌದೆ ಹಾಗೆ.

"ತಪ್ಪಾಯ್ತು ಕಣೇ ಅಕ್ಕಯಮ್ಮ," ಅಂದ ಕದಿರೇಶ. ಆಫ್ ಮಾಡಿದ.

ಗಾಜು ಕಪ್ಪಾಯ್ತು. ಕನ್ನಡಿ ಹಾಗೆ. ತಗ್ಗಾದ ಮಣ್ಣಿನ ಕಡೆ ತಿರುಗಿಸಿ ಹಿಡಿದ.

ಒಂದು ಉಸಿರು... ಒಳಕ್ಕೆ ಎಳೆದುಕೊಂಡ ಹಾಗೆ. ಆಮೇಲೆ ಬಾವಿಯಲ್ಲಿ ದುಡುಂ.

ಪೆದ್ದಪ್ಪ ಬದುಕಿದ. ಎಡಗೈ ಕತ್ತರಿಸಿದರು. ಈಗಲೂ ಗಂಜಿ ಬಿಟ್ಟು ಏನೂ ತಿನ್ನಕ್ಕಾಗಲ್ಲ. ಗೇಮು ಪೂರ್ತಿ ಖಾಲಿ ಅಂದ ಪಾಷಾ. ಅಕ್ಕಯಮ್ಮಂದು ಏನೂ ಉಳಿದಿರಲಿಲ್ಲ.

ಕದಿರೇಶ ಬ್ಯಾಟರಿ ಬಿಚ್ಚಿ ಗೋಡೆ ಗೂಡಲ್ಲಿ ಇಟ್ಟ. ಗೇಮು ಮೊಳೆಗೆ ನೇತುಹಾಕಿದ, ಗಾಜು ಬಾಗಿಲ ಕಡೆಗೆ. ದೀಪ ಆರಿಸಿದ ಮೇಲೆ ಅದರಿಂದ ಸದ್ದು ಬರ್ತದೆ. ಟಿಕ್. ಟಿಕ್ ಟಿಕ್... ಟಿಕ್. ಬಟನ್ ಒತ್ತೋ ಸದ್ದು. ಆಟದಲ್ಲಿ ಆ ದೆವ್ವದಿಂದ ಅವಿತುಕೊಳ್ಳುವಾಗ ಅಕ್ಕಯಮ್ಮ ಹಾಗೇ ಒತ್ತೋಳು.

ನಡೆದದ್ದೇ ಹೇಳಿದ್ದು, ಒಂದು ಮಾತೂ ಸೇರಿಸಿಲ್ಲ. ಬ್ಯಾಟರಿ ಇನ್ನೂ ಗೂಡಲ್ಲೇ ಇದೆ.